ಖಾಲಿ ಲಾರಿಯ ತೂಕ

"ಅದನ್ನ ಯಾಕೆ ಮಡಚ್ತಿದೀರಿ?"

ತಂಗಿಯ ಕೈಯಲ್ಲಿದ್ದ ಹಾಲಿನ ಬಾಟಲಿಯಿಂದ ಬಿಸಿನೀರು ನೆಲಕ್ಕೆ ತೊಟ್ಟಿಕ್ಕುತ್ತಿತ್ತು. ಒಳಕೋಣೆಯ ಮಂಚದ ಮೇಲೆ ಭಾವನ ಅಮ್ಮ ಕೂಸಿನ ಅಂಗಿಗಳನ್ನು ಒಂದೊಂದಾಗಿ ಮಡಚಿ ಚೀಲಕ್ಕೆ ತುಂಬುತ್ತಿದ್ದರು. ನಿನ್ನೆ ಈ ಹೊತ್ತಿಗೆ ಮನೆಯಲ್ಲಿ ಕಾಲಿಡಲು ಜಾಗವಿರಲಿಲ್ಲ. ಇವತ್ತು ಎಂದಿನಂಥದೇ ಬೆಳಗು. ಪಕ್ಕದ ಮನೆಯವರು ಸ್ಟಾರ್ಟ್ ಆಗದ ಗಾಡಿಯನ್ನು ಒದೆಯುತ್ತಿದ್ದರು. ನಲ್ಲಿಯಲ್ಲಿ ನೀರು ಬಂದಿತ್ತು. ಅಕ್ಕ ಸತ್ತಿದ್ದು ನಲ್ಲಿಗೆ ಗೊತ್ತಿರಲಿಲ್ಲ.

"ಮಧ್ಯಾಹ್ನ ಮೂರಕ್ಕೆ ನನ್ನ ಮಗಳು ಬರ್ತಾಳೆ. ಕರ್ಕೊಂಡು ಹೋಗ್ತಾಳೆ."

"ಯಾರನ್ನ?"

"ಇನ್ಯಾರನ್ನ? ಕೂಸನ್ನ. ಸೋದರತ್ತೆ ತಾನೇ, ಬೇರೆಯೋರಲ್ಲ. ಇವನು ಲಾರಿ ಹತ್ತಿದ್ರೆ ನಾಲ್ಕು ದಿನ ಮನೆ ಕಡೆ ತಲೆ ಹಾಕಲ್ಲ. ನನಗೆ ಮಂಡಿ ಎತ್ತಿಡೋಕಾಗಲ್ಲ. ನೀನು ಔಷಧಿ ಅಂಗಡಿ ಕೆಲಸ ಬಿಟ್ಟು ಇಲ್ಲಿ ಕೂರ್ತೀಯಾ?"

"ನನ್ನನ್ನ ಯಾರೂ ಕೇಳಲಿಲ್ಲ."

"ಹೆತ್ತ ಅಪ್ಪ ಒಪ್ಪಿದ ಮೇಲೆ ನಿನ್ನನ್ನೇನು ಕೇಳೋದು?" ಆಕೆ ಒಂದು ಪುಟ್ಟ ಅಂಗಿಯನ್ನು ಮತ್ತೆ ಬಿಡಿಸಿ, ಮತ್ತೆ ಮಡಚಿದರು. ದನಿ ತಗ್ಗಿತು. "ಅವನು ಇದರ ಮುಖಾನೇ ನೋಡ್ತಿಲ್ಲ ಕಣೇ. ನೀನೂ ಕಂಡಿದೀಯ ನಿನ್ನೆ."

ತಂಗಿ ಕಂಡಿದ್ದಳು.

*

ನಿನ್ನೆ ಬಂದವರಲ್ಲಿ ಅರ್ಧಕ್ಕರ್ಧ ಲಾರಿಯವರು. ಊರ ಹೊರಗಿನ ದೊಡ್ಡ ರಸ್ತೆಯಲ್ಲಿ ಲಾರಿ ತೂಗುವ ವೇಬ್ರಿಡ್ಜಿನಲ್ಲಿ ಅಕ್ಕನದು ಹನ್ನೊಂದು ವರ್ಷದ ಕೆಲಸ. ನೆಲಮಟ್ಟಕ್ಕೆ ಹಾಸಿದ ಉದ್ದನೆಯ ಉಕ್ಕಿನ ಹಲಗೆಯ ಮೇಲೆ ಲಾರಿ ಬಂದು ನಿಲ್ಲುತ್ತದೆ. ಗಾಜಿನ ಕಿಟಕಿಯ ಹಿಂದೆ ಕೂತವಳು ತುಂಬಿದ ತೂಕ ಬರೆದುಕೊಳ್ಳುತ್ತಾಳೆ. ಮಾಲು ಇಳಿಸಿ ಬಂದ ಮೇಲೆ ಖಾಲಿ ತೂಕ. ಅದರಲ್ಲಿ ಇದನ್ನು ಕಳೆದರೆ ಉಳಿಯುವುದು ಮಾಲು. ಇಷ್ಟೇ ಕೆಲಸ. ಆದರೆ ಅಕ್ಕನ ಕಿಟಕಿ ದಾಟಿ ಒಂದು ಸುಳ್ಳು ಕಿಲೋ ಆಚೆ ಹೋಗಿದ್ದಿಲ್ಲ.

"ನನ್ನ ಮೊದಲನೇ ದಿನ ಮೈಕಲ್ಲಿ ಕೂಗಿದ್ರು," ಎಂದು ಬಿಳಿ ಮೀಸೆಯ ಡ್ರೈವರೊಬ್ಬ ಅಂಗಳದಲ್ಲಿ ಹೇಳುತ್ತಿದ್ದ. "'ಡ್ರೈವರ್ ಇಳೀರಿ, ನಿಮ್ಮ ತೂಕ ನಮಗೆ ಬೇಡ' ಅಂತ. ಇಳಿದೆ. 'ಸೀಟಿನ ಹಿಂದೆ ಮಲಗಿರೋ ನಿಮ್ಮ ಭಾವಮೈದನನ್ನೂ ಎಬ್ಬಿಸಿ' ಅಂದ್ರು. ಅವನು ಅಲ್ಲಿದಾನೆ ಅಂತ ಆಕೆಗೆ ಹೆಂಗೆ ಗೊತ್ತಾಯ್ತೋ ಇವತ್ತಿಗೂ ಗೊತ್ತಿಲ್ಲ."

"ಗೊರಕೆ ಕೇಳಿಸಿರುತ್ತೆ."

"ಮರಳಿಗೆ ನೀರು ಹೊಡೆದು ತೂಕ ಏರಿಸಿದ್ರೆ ಮೂಗಲ್ಲೇ ಹಿಡೀತಿದ್ರು."

"ಮದುವೆಗೆ ಮುಂಚೆ ಗಂಡನ್ನೂ ತೂಗಿ ನೋಡಿರ್ತಾರೆ ಬಿಡು."

ಯಾರೋ ನಕ್ಕರು, ನಕ್ಕವರೇ ಬಾಯಿಗೆ ಕೈ ಅಡ್ಡ ಹಿಡಿದರು. ತಂಗಿಗೆ ಅವರ ಮೇಲೆ ಕೋಪ ಬರಲಿಲ್ಲ. ಆ ಇಡೀ ದಿನದಲ್ಲಿ ಅಕ್ಕನ ಬಗ್ಗೆ ಮಾತಾಡಿದವರು ಅವರಷ್ಟೇ. ಉಳಿದವರೆಲ್ಲ ಮಾತಾಡಿದ್ದು ಕಾಯಿಲೆಯ ಬಗ್ಗೆ.

"ಎಲ್ಲಿ ಆಗಿತ್ತಂತೆ ಕ್ಯಾನ್ಸರು?" ಎಂದು ಭಾವನ ದೊಡ್ಡಮ್ಮ ಟೀ ಲೋಟ ಹಿಡಿದು ಪಕ್ಕದವರನ್ನು ಕೇಳಿದರು.

"ಬಸಿರಿನ ಕ್ಯಾನ್ಸರಂತೆ. ಬಸಿರಿಂದಾನೇ ಹುಟ್ಟಿದ್ದಂತೆ."

"ಅಯ್ಯೋ! ಹಾಗಾದ್ರೆ ಈ ಕೂಸೇ…"

"ಶ್!"

"ಶ್ ಯಾಕೆ? ಇದ್ದಿದ್ದನ್ನ ಇದ್ದ ಹಾಗೆ ಹೇಳಿದ್ರೆ ತಪ್ಪಾ? ತಾಯಿನ ತಿಂದ್ಕೊಂಡೇ ಭೂಮಿಗೆ ಬಂದಿದೆ."

ಕೂಸು ತಂಗಿಯ ಸೊಂಟದ ಮೇಲೆ ಕೂತು ಅವಳ ಕಿವಿಯನ್ನು ಎಳೆಯುತ್ತಿತ್ತು. ಹತ್ತು ತಿಂಗಳು. ಕೆಳಗೆ ಎರಡು ಹಲ್ಲು.

"ದೊಡ್ಡಮ್ಮ, ಟೀ ಕುಡಿದಾಯ್ತಾ?" ಎಂದಳು ತಂಗಿ.

"ಆಯ್ತಮ್ಮ. ಸಕ್ಕರೆ ಒಂಚೂರು ಮುಂದಿತ್ತು."

"ಹಾಗಾದ್ರೆ ಹೊರಡಿ."

"ಏನಂದೆ?"

"ಹೊರಡಿ ಅಂದೆ. ಲೋಟ ಅಲ್ಲೇ ಇಡಿ, ನಾನು ತೊಳೀತೀನಿ."

ಎಲ್ಲರೂ ತಿರುಗಿ ನೋಡಿದರು. ಗೇಟಿನ ಕಂಬಕ್ಕೆ ಒರಗಿ ನಿಂತಿದ್ದ ಭಾವನೂ ನೋಡಿದ. ತಂಗಿ ಜನರ ನಡುವೆ ಹಾದು ಹೋಗಿ ಕೂಸನ್ನು ಅವನತ್ತ ಚಾಚಿದಳು. ಕೂಸೂ ಅಪ್ಪನತ್ತ ಎರಡು ಕೈ ಚಾಚಿತು. ಅವನು ತನ್ನ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡು ರಸ್ತೆಯತ್ತ ಮುಖ ತಿರುಗಿಸಿದ.

*

ಕೂಸಿಗೆ ಐದು ತಿಂಗಳಾಗಿದ್ದಾಗ, ಬಾಣಂತನದಲ್ಲಿ ನಿಂತುಹೋಗಿದ್ದ ರಕ್ತ ಅಕ್ಕನಿಗೆ ಮತ್ತೆ ಹನಿಯತೊಡಗಿತ್ತು. ಬರುವುದು, ನಿಲ್ಲುವುದು, ಮತ್ತೆ ಬರುವುದು. ಜೊತೆಗೆ ವಾಂತಿ. ತಂಗಿ ಅಂಗಡಿಯಿಂದ ಬಸಿರು ಪರೀಕ್ಷೆಯ ಪಟ್ಟಿ ತಂದುಕೊಟ್ಟಳು. ಅದರ ಮೇಲೆ ಎರಡು ಗೆರೆ ಮೂಡಿತು. ಅಷ್ಟು ದಟ್ಟವಾದ ಗೆರೆಗಳನ್ನು ಅವಳು ಕಂಡಿದ್ದಿಲ್ಲ.

"ಎರಡು ಗೆರೆ!" ಮೂರು ಮನೆಗೆ ಕೇಳುವಂತೆ ಅವಳು ಕೂಗಿದ್ದಳು. "ಭಾವಾ, ನಿಮ್ಮ ಲಾರಿಗೆ ಬ್ರೇಕೇ ಇಲ್ವಾ?"

ಭಾವನ ಕಿವಿ ಕೆಂಪಾಗಿತ್ತು. ಅವನ ಅಮ್ಮ ನಕ್ಕು, "ಇರಲಿ ಬಿಡು, ಎರಡೂ ಒಟ್ಟೊಟ್ಟಿಗೆ ಬೆಳೀತವೆ," ಎಂದಿದ್ದರು. ಅಕ್ಕ ಒಬ್ಬಳೇ ನಗಲಿಲ್ಲ. ಯಾರೋ ತಂದುಕೊಟ್ಟ ತೂಕದ ಚೀಟಿಯನ್ನು ನೋಡುವಂತೆ ಪಟ್ಟಿಯನ್ನು ಬೆಳಕಿಗೆ ಹಿಡಿದಿದ್ದಳು.

"ಹೆರಿಗೆ ಆದಾಗಿಂದ ಸರಿಯಾಗಿ ಮುಟ್ಟೇ ಆಗಿಲ್ವಲ್ಲೇ. ಇದು ಯಾವಾಗ ಬಂತು?"

"ಬಂದಿದೆ ತಾನೇ? ಪಟ್ಟಿ ಸುಳ್ಳು ಹೇಳುತ್ತಾ?"

ಪಟ್ಟಿ ಸುಳ್ಳು ಹೇಳಿರಲಿಲ್ಲ. ಅದು ಹೇಳಿದ್ದು ಬೇರೆ.

ಹೆರಿಗೆ ಮಾಡಿಸಿದ ಡಾಕ್ಟರ ಬಳಿಗೇ ಹೋದರು. ದೊಡ್ಡ ಹೆಸರು, ಕಾಯುವ ಕೋಣೆಯ ಗೋಡೆ ತುಂಬ ನಗುವ ಕೂಸುಗಳ ಚಿತ್ರ. ಸ್ಕ್ಯಾನಿನಲ್ಲಿ ಏನೂ ಕಾಣಲಿಲ್ಲ. "ಇನ್ನೂ ಚಿಕ್ಕದು. ಎರಡು ವಾರ ಬಿಟ್ಟು ಬನ್ನಿ." ಎರಡು ವಾರ ಬಿಟ್ಟರೂ ಕಾಣಲಿಲ್ಲ. "ತಾನಾಗೇ ಹೋಗಿರುತ್ತೆ. ಪಟ್ಟಿ ಕೆಲವು ದಿನ ಹಾಗೇ ತೋರಿಸುತ್ತೆ. ಎರಡು ವಾರ ಬಿಟ್ಟು ಬನ್ನಿ." ಮೂರನೆಯ ಸಲ ಹೋದಾಗ ಗೆರೆಗಳು ಇನ್ನೂ ಇದ್ದವು, ರಕ್ತವೂ ಇತ್ತು.

"ಡಾಕ್ಟ್ರೇ, ಒಂದು ಮಾತು," ಎಂದಳು ಅಕ್ಕ. "ಒಂದು ಲಾರಿ ಮಾಲು ಇಳಿಸಿ ಬಂತು ಅಂತಿಟ್ಕೊಳ್ಳಿ. ನೋಡಿದ್ರೆ ಖಾಲಿ. ಆದ್ರೆ ತೂಕ ಜಾಸ್ತಿ ತೋರಿಸ್ತಿದೆ. ಆಗ ನಾವು 'ಎರಡು ವಾರ ಬಿಟ್ಟು ಬಾ' ಅನ್ನಲ್ಲ. ಅಲ್ಲೇ ನಿಲ್ಲಿಸಿ, ಹಿಂದೆ ಹತ್ತಿ, ಯಾವ ಮೂಲೇಲಿ ಏನು ಅಂಟ್ಕೊಂಡಿದೆ ಅಂತ ಹುಡುಕ್ತೀವಿ. ನನ್ನೊಳಗೂ ಏನೋ ಉಳಿದಿದೆ ಅನ್ಸುತ್ತೆ."

ಡಾಕ್ಟರು ಪ್ರೀತಿಯಿಂದಲೇ ನಕ್ಕರು. "ನೀವು ಲಾರಿ ಅಲ್ಲಮ್ಮ, ತಾಯಿ. ಸ್ವಲ್ಪ ರೆಸ್ಟ್ ತಗೊಳ್ಳಿ, ಎಲ್ಲ ಸರಿಹೋಗುತ್ತೆ."

ಪಕ್ಕದಲ್ಲಿ ಕೂತಿದ್ದ ತಂಗಿಯೂ ನಕ್ಕಿದ್ದಳು.

ಆಮೇಲೆ ಕೆಮ್ಮು ಬಂತು. ಕೆಮ್ಮಿಗೆ ಬೇರೆ ಡಾಕ್ಟರು. ಕೆಳಗಿನ ಡಾಕ್ಟರು ಮೇಲೆ ನೋಡಲಿಲ್ಲ, ಮೇಲಿನ ಡಾಕ್ಟರು ಕೆಳಗಿನದನ್ನು ಕೇಳಲಿಲ್ಲ. ಕೆಮ್ಮಿನ ಸಿರಪ್ಪನ್ನು ಪ್ರತಿಸಲ ಅಂಗಡಿಯ ಕಪಾಟಿನಿಂದ ತೆಗೆದು ಕೊಟ್ಟವಳು ತಂಗಿ. ಮೂರು ಬಾಟಲಿ. ಮೂರನೆಯದು ಮುಗಿಯುವ ಮೊದಲೇ ಒಂದು ಮಧ್ಯಾಹ್ನ ಅಕ್ಕ ಗಾಜಿನ ಕಿಟಕಿಯ ಹಿಂದೆ ಕುಸಿದಳು. ಮೈಕು ಹಾಕಿಯೇ ಇತ್ತು. ಹೊರಗೆ ಸಾಲುಗಟ್ಟಿ ನಿಂತ ಲಾರಿಗಳಿಗೆಲ್ಲ ಕುರ್ಚಿ ಉರುಳಿದ ಸದ್ದು ಕೇಳಿತು.

ದೊಡ್ಡಾಸ್ಪತ್ರೆಯಲ್ಲಿದ್ದದ್ದು ಚಿಕ್ಕ ವಯಸ್ಸಿನ ಡಾಕ್ಟರಮ್ಮ. ಅವರು ಕೇಳಿದ್ದು ಎರಡೇ ಪ್ರಶ್ನೆ: ಕೊನೆಯ ಹೆರಿಗೆ ಯಾವಾಗ? ಆಮೇಲೆ ರಕ್ತ ಪೂರ್ತಿ ನಿಂತಿತ್ತಾ? ಒಂದು ರಕ್ತಪರೀಕ್ಷೆ ಮಾಡಿಸಿದರು. ಸೊನ್ನೆ ಇರಬೇಕಾದಲ್ಲಿ ಎರಡು ಲಕ್ಷ ಎಂಬತ್ತು ಸಾವಿರ ಬಂತು. ಎಕ್ಸ್‌ರೇಯಲ್ಲಿ ಶ್ವಾಸಕೋಶದ ತುಂಬ ಬಿಳಿ ಗುಂಡುಗಳು. ತಲೆಯಲ್ಲೂ ಇತ್ತು. ಡಾಕ್ಟರಮ್ಮ ಒಂದು ಕಾಗದದ ಹಿಂಬದಿಯಲ್ಲಿ ಚಿತ್ರ ಬರೆದು ವಿವರಿಸಿದರು. ಬಸಿರಿನಲ್ಲಿ ಕೂಸಿಗೆ ಆಹಾರ ಕೊಡಲು ಮಾಸು ಬೆಳೆಯುತ್ತದೆ. ಹೆರಿಗೆಯಾದ ಮೇಲೆ ಅದೂ ಹೊರಗೆ ಬರುತ್ತದೆ. ಎಲ್ಲೋ ಸಾವಿರಾರು ಜನರಲ್ಲಿ ಒಬ್ಬರಿಗೆ ಅದರ ಕೆಲವು ಕಣಗಳು ಒಳಗೇ ಉಳಿದು, ಕೆಟ್ಟು, ರಕ್ತದಲ್ಲಿ ಹರಿದು, ಹೋದಲ್ಲೆಲ್ಲ ಬೇರು ಬಿಡುತ್ತವೆ. ಬಸಿರಿನ ಹಾರ್ಮೋನು ಸುರಿಸುವುದು ಆ ಕಣಗಳೇ. ಅದಕ್ಕೇ ಪಟ್ಟಿಯಲ್ಲಿ ಎರಡು ಗೆರೆ.

"ಔಷಧಿ ಮಾತು ಕೇಳೋ ಕ್ಯಾನ್ಸರ್ ಅಂತಿದ್ರೆ ಇದೇ," ಎಂದರು. "ಬೇಗ ಸಿಕ್ಕಿದ್ರೆ ಹೆಚ್ಚುಕಮ್ಮಿ ಎಲ್ಲರೂ ವಾಸಿಯಾಗಿ ಮನೆಗೆ ಹೋಗ್ತಾರೆ."

"ಬೇಗ ಅಂದ್ರೆ?" ಎಂದಿದ್ದಳು ತಂಗಿ.

"ಗೆರೆ ಬಂದಾಗಲೇ ಈ ರಕ್ತಪರೀಕ್ಷೆ ಮಾಡಿಸಬೇಕಿತ್ತು. ಸಂಖ್ಯೆ ಸೊನ್ನೆಗೆ ಇಳೀತಿಲ್ಲ ಅಂದ್ರೆ ಒಳಗೆ ಏನೋ ಉಳಿದಿದೆ ಅಂತ ಹುಡುಕಬೇಕಿತ್ತು."

ಅಕ್ಕ ಕಣ್ಣು ಮುಚ್ಚಿ ಮಲಗಿದ್ದಳು. ನಿದ್ದೆಯಲ್ಲಿದ್ದಾಳೆ ಎಂದು ಎಲ್ಲರೂ ತಿಳಿದಿದ್ದರು.

"ನಾನು ಹೇಳಿದ್ದೆ," ಎಂದಳು.

ಮೂರು ಸುತ್ತು ಔಷಧಿಗೆ ಸಂಖ್ಯೆ ಇಳಿಯಿತು. ಲಕ್ಷ ಹೋಗಿ ಸಾವಿರವಾಯಿತು, ಸಾವಿರ ಹೋಗಿ ನೂರಾಯಿತು. ಔಷಧಿಯ ಮಾತನ್ನು ಕಾಯಿಲೆ ನಿಜವಾಗಿಯೂ ಕೇಳುತ್ತಿತ್ತು. ನಾಲ್ಕನೆಯ ಸುತ್ತಿಗೆ ಎರಡು ದಿನ ಇರುವಾಗ ತಲೆಯೊಳಗೆ ರಕ್ತನಾಳ ಒಡೆಯಿತು.

*

ಮಧ್ಯಾಹ್ನ ಎರಡು ದಾಟಿದರೂ ಭಾವ ಮನೆಯೊಳಗೆ ಬಂದಿರಲಿಲ್ಲ. ಬೀದಿಯ ತುದಿಯಲ್ಲಿ ನಿಲ್ಲಿಸಿದ ತನ್ನ ಲಾರಿಯ ಕ್ಯಾಬಿನ್ನಿನಲ್ಲಿ, ಎಂಜಿನ್ ಆರಿಸಿ, ಸ್ಟೀರಿಂಗಿಗೆ ಕೈಯಿಟ್ಟು ಕೂತಿದ್ದ. ತಂಗಿ ಒಂದು ಕೈಯಲ್ಲಿ ಕೂಸನ್ನು ಅವುಚಿಕೊಂಡು ಇನ್ನೊಂದು ಬದಿಯಿಂದ ಹತ್ತಿ ಕೂತಳು. ಅವನು ಬಾಗಿಲಿಗೆ ಒತ್ತಿಕೊಂಡ.

"ಇಳಿ ಮೆಣಸಿನಕಾಯಿ," ಎಂದ, ಅವಳ ಬಾಯಿಗೆ ತಾನೇ ಇಟ್ಟಿದ್ದ ಹೆಸರು ಹಿಡಿದು. "ಜಗಳ ಆಡೋ ಶಕ್ತಿ ನನಗಿಲ್ಲ."

"ನನಗಿದೆ. ನಿಮ್ಮ ಪಾಲಿಂದೂ ನಾನೇ ಆಡ್ತೀನಿ. ಈ ಕೂಸು ನಿಮಗೇನು ಮಾಡ್ತು?"

ಅವನು ಗಾಜಿನಾಚೆ ನೋಡಿದ.

"ಆ ದೊಡ್ಡಮ್ಮನ ನಾಲಿಗೆಗೆ ಎಲುಬಿಲ್ಲ, ಸರಿ. ನಿಮ್ಮ ಕಿವಿಗೇನಾಗಿದೆ? ಡಾಕ್ಟರಮ್ಮ ಚಿತ್ರ ಬರೆದು ತೋರಿಸಲಿಲ್ವಾ?"

"ಬಸಿರಿಂದ ಬಂತು ಅಂದ್ರಲ್ಲ."

"ಅರ್ಧ ಕೇಳಿಸ್ಕೊಂಡು ಅರ್ಧ ಬಿಟ್ಟಿದೀರಿ. ಗಾಜಿನ ಸಾಮಾನು ತುಂಬ್ಕೊಂಡು ಬರ್ತೀರಿ. ಒಡೀಬಾರದು ಅಂತ ಕೆಳಗೆ ಹುಲ್ಲು ಹಾಸ್ತೀರಿ, ಅಲ್ವಾ? ಸಾಮಾನು ಇಳಿಸಿದ್ರಿ, ಒಂದೂ ಮುಕ್ಕಾಗಿಲ್ಲ. ಆದ್ರೆ ಒಂದು ಹಿಡಿ ಹುಲ್ಲು ಮೂಲೇಲಿ ಉಳೀತು. ನೆನೀತು, ಕೊಳೀತು, ಲಾರಿ ಹಲಗೇನೇ ತಿಂತು. ಹಲಗೆ ತೂತಾಯ್ತು ಅಂತ ಗಾಜಿನ ಸಾಮಾನನ್ನ ಬೈತೀರಾ? ಹೇಳಿ, ಬೈತೀರಾ?"

ಅವಳ ದನಿಗೆ ಕೂಸು ಬೆಚ್ಚಿ ಅತ್ತಿತು. ಅವಳು ಅದರ ಬೆನ್ನು ತಟ್ಟಿದಳು, ಸಿಟ್ಟು ಕೈಗೂ ಇಳಿದು ತಟ್ಟಿದ್ದು ಜೋರಾಯಿತು.

"ಮೆಲ್ಲಗೆ," ಎಂದ ಭಾವ. "ಅದು ನನಗೆ ಗೊತ್ತು."

"ಏನು ಗೊತ್ತು?"

"ಕೂಸಿಂದೇನೂ ತಪ್ಪಿಲ್ಲ ಅಂತ."

"ಮತ್ತೆ?"

ಅವನು ಸೀಟಿನ ಹಿಂದಕ್ಕೆ ಕೈಹಾಕಿ ಚಿಂದಿಬಟ್ಟೆ ಸುತ್ತಿದ ಏನನ್ನೋ ಎಳೆದು ಇಬ್ಬರ ನಡುವೆ ಇಟ್ಟ. ಸೀಟು ತಗ್ಗಿತು. ಬಟ್ಟೆ ಬಿಚ್ಚಿದರೆ ಹತ್ತು ಕೆಜಿಯ ಕಬ್ಬಿಣದ ತೂಕದ ಕಲ್ಲು.

"ವೇಬ್ರಿಡ್ಜ್ ಪಕ್ಕದ ಗುಜರಿ ತಾತನ ಹತ್ರ ಕೇಳಿ ತಂದಿದ್ಳು. ನೀನು ಅಂಗಡಿಯಿಂದ ತಂದ್ಕೊಟ್ಟ ಮೆಷಿನ್ ಇಲ್ವಾ, ಹತ್ತಿ ನಿಲ್ಲೋದು? ಅದರಲ್ಲಿ ಐವತ್ತಮೂರಿದ್ದೋಳು ನಲವತ್ತಾರಕ್ಕೆ ಬಂದಿದೀನಿ ಅಂದ್ಳು. ಮೆಷಿನ್ ಕೆಟ್ಟಿರುತ್ತೆ ಬಿಡು ಅಂದೆ. ಸುಮ್ಮನಾದ್ಳು. ಎರಡು ದಿನ ಬಿಟ್ಟು ಕೆಮ್ಮಿಕೊಂಡು ಇದನ್ನ ಹೊತ್ತು ತಂದ್ಳು. ನನ್ನ ಮುಂದೇನೇ ಮೆಷಿನ್ ಮೇಲಿಟ್ಳು. ಹತ್ತಕ್ಕೆ ಹತ್ತು ತೋರಿಸ್ತು. ಆಮೇಲೆ ಅವಳು ಹತ್ತಿ ನಿಂತ್ಳು. ನಲವತ್ತೈದು."

"ನೀವು ಏನಂದ್ರಿ?"

"ಕೂಸಿಗೆ ಹಾಲು ಕುಡಿಸೋವಾಗ ಇಳಿಯುತ್ತಂತೆ, ಅಮ್ಮ ಹೇಳ್ತಿದ್ಳು ಅಂದೆ." ಅವನು ಹೆಬ್ಬೆರಳಿನಿಂದ ಕಲ್ಲಿನ ಮೇಲಿನ ಅಂಕಿಯನ್ನು ಉಜ್ಜಿದ. "ಆ ದಿಕ್ಕಿಗೇ ಹೋಗ್ತೀರಲ್ಲ, ತಾತನಿಗೆ ವಾಪಸ್ ಕೊಟ್ಬಿಡಿ ಅಂದ್ಳು. ಮೂರು ತಿಂಗಳಿಂದ ಹೊತ್ಕೊಂಡು ತಿರುಗ್ತಿದೀನಿ. ಕೂಸಿಗೆ ಅವಳದೇ ಕಣ್ಣು. ಅವತ್ತು ಮೆಷಿನ್ ಮೇಲೆ ನಿಂತು ನನ್ನ ನೋಡಿದ್ಳಲ್ಲ, ಹಾಗೇ ನೋಡುತ್ತೆ. ನನ್ನ ಕೈಲಾಗಲ್ಲ. ಕರ್ಕೊಂಡು ಹೋಗ್ಲಿ."

ತಂಗಿಗೆ ಅವನ ಕೆನ್ನೆಗೆ ಬಾರಿಸಬೇಕೆನಿಸಿತು. ಬಾರಿಸಲು ಎತ್ತಿದ ಕೈ ತನ್ನ ಕೆನ್ನೆಗೇ ಬರಬೇಕೆಂದೂ ಅನಿಸಿತು.

"ಎರಡು ಗೆರೆ ಅಂತ ಕೂಗಿದ್ದು ನಾನು," ಎಂದಳು. "ಡಾಕ್ಟರ ಮುಂದೆ ಹಲ್ಲು ಕಿರಿದಿದ್ದು ನಾನು. ಮೂರು ಬಾಟಲಿ ಸಿರಪ್ ಕೊಟ್ಟಿದ್ದು ನಾನು. ಇವಳ ಕಣ್ಣು ನನ್ನನ್ನೂ ನೋಡುತ್ತೆ. ಹಾಗಂತ ನಾವಿಬ್ಬರೂ ನೆಮ್ಮದಿಯಾಗಿರೋಣ ಅಂತ ಇವಳನ್ನ ಊರು ಬಿಡಿಸೋಣ್ವಾ? ಅವಳ ಮಾತನ್ನಂತೂ ಕೇಳಲಿಲ್ಲ. ಈಗ ಅವಳ ಕೂಸನ್ನೂ ಕಣ್ಣಿಂದ ಮರೆ ಮಾಡೋಣ. ಬಹಳ ಚೆನ್ನಾಗಿರುತ್ತೆ ಭಾವ. ಬಹಳ ಚೆನ್ನಾಗಿರುತ್ತೆ."

ಅವನು ಅಳುತ್ತಿದ್ದ. ಅವಳಿಗೆ ಕನಿಕರ ಬರಲಿಲ್ಲ. ಬರುವುದಿದ್ದರೆ ಮುಂದೆ ಎಂದಾದರೂ ಬರಲಿ.

"ಗಾಡಿ ಸ್ಟಾರ್ಟ್ ಮಾಡಿ."

"ಎಲ್ಲಿಗೆ?"

"ಅವಳು ಹೇಳಿದ ಒಂದು ಕೆಲಸಾನಾದ್ರೂ ಮಾಡಿ ಮುಗಿಸೋಣ."

*

ಗುಜರಿ ಅಂಗಡಿಯ ಮುಂದೆ ಹಳೆಯ ಟೈರುಗಳ ಗುಡ್ಡೆ, ಒಳಗೆ ತಗಡು, ತಾಮ್ರದ ತಂತಿ, ಬೀಗದ ಕೈ ಇಲ್ಲದ ಬೀಗಗಳ ರಾಶಿ. ಲಾರಿ ನಿಂತ ಕೂಡಲೇ ತಂಗಿ ಕೂಸನ್ನು ಸೀಟಿನ ಮೇಲೆ ಬಿಟ್ಟು, ಬಾಗಿಲು ತೆರೆದು, ಕೆಳಗಿಳಿದು, ಕಲ್ಲನ್ನು ಎರಡೂ ಕೈಯಲ್ಲಿ ಎತ್ತಿಕೊಂಡಳು. ಕೂಸು ಅವಳ ಹಿಂದೆಯೇ ತೆರೆದ ಬಾಗಿಲತ್ತ ಸರಸರ ಅಂಬೆಗಾಲಿಟ್ಟಿತು.

"ಏಯ್, ಕೂಸು! ಕೂಸು ಹಿಡ್ಕೊಳೇ!"

"ನನ್ನ ಕೈ ಖಾಲಿ ಇಲ್ಲ," ಎಂದಳು, ಹಿಂದಿರುಗಿ ನೋಡದೆ. ಕಿವಿಯೆಲ್ಲ ಹಿಂದಕ್ಕೇ ಇತ್ತು. ನಾಲ್ಕು ಹೆಜ್ಜೆ ನಡೆದಳು. ಏನೂ ಬಿದ್ದ ಸದ್ದಾಗಲಿಲ್ಲ. ಐದನೆಯ ಹೆಜ್ಜೆಗೆ ಅತ್ತಲಿನ ಬಾಗಿಲು ತೆರೆದ ಸದ್ದು ಬಂತು, ಆಮೇಲೆ ಅವನು ಬರುವ ಹೆಜ್ಜೆಯ ಸದ್ದು. ಕೂಸು ಅಳುತ್ತಿರಲಿಲ್ಲ.

ಗುಜರಿ ತಾತ ಮೂಗಿನ ತುದಿಗೆ ಜಾರಿದ್ದ ಕನ್ನಡಕದ ಮೇಲಿನಿಂದ ನೋಡಿ ಎದ್ದು ನಿಂತ.

"ಅಲ್ಲೇ ಇಡು ತಾಯಿ, ನೀನ್ಯಾಕೆ ಹೊತ್ತೆ? ನಿನ್ನೆ ನಾನೂ ಬಂದಿದ್ದೆ. ಹಿಂದೆ ನಿಂತಿದ್ದೆ."

"ತಡವಾಯ್ತು ತಾತ. ವಾಪಸ್ ಕೊಡೋದು."

"ಎರಡು ದಿನಕ್ಕೆ ಅಂತ ಕೇಳಿದ್ರು. ನಿಮಗ್ಯಾಕಮ್ಮ ಕಲ್ಲು, ಅಲ್ಲಿ ಆನೆ ತೂಗೋ ಮೆಷಿನ್ ಇದೆಯಲ್ಲ ಅಂದೆ. 'ಮನೇಲಿ ನನ್ನ ಮಾತು ಯಾರೂ ನಂಬ್ತಿಲ್ಲ ತಾತ, ಕಲ್ಲಿನ ಮಾತಾದ್ರೂ ನಂಬ್ತಾರಾ ನೋಡ್ತೀನಿ' ಅಂದ್ರು." ತಾತ ಒಬ್ಬರಿಂದ ಒಬ್ಬರ ಮುಖಕ್ಕೆ ಕಣ್ಣು ಹೊರಳಿಸಿದ. "ನಂಬಿದ್ರಾ?"

ಭಾವನ ಜೇಬಿನಲ್ಲಿ ಫೋನು ಹೊಡೆದುಕೊಳ್ಳತೊಡಗಿತು. ಗೋಡೆಯ ಗಡಿಯಾರದಲ್ಲಿ ಮೂರು ಗಂಟೆ ಹತ್ತು ನಿಮಿಷವಾಗಿತ್ತು. ಅವನು ಕೂಸನ್ನು ಎರಡು ಕೈಯಲ್ಲೂ ಬಿಗಿಯಾಗಿ, ತುಂಬ ದಿನ ಎತ್ತಿಕೊಳ್ಳದವರು ಎತ್ತಿಕೊಳ್ಳುವಂತೆ ಸೊಟ್ಟಪಟ್ಟ ಹಿಡಿದಿದ್ದ. ಕೂಸು ಅವನ ಒದ್ದೆ ಗಡ್ಡವನ್ನು ಮುಷ್ಟಿಯಲ್ಲಿ ಹಿಡಿದು ಮುಖವನ್ನು ತನ್ನ ಕಡೆಗೆ ತಿರುಗಿಸಿಕೊಳ್ಳುತ್ತಿತ್ತು. ಫೋನು ನಿಂತಿತು. ಮತ್ತೆ ಶುರುವಾಯಿತು.

"ನಿಮ್ಮ ಫೋನು," ಎಂದ ತಾತ.

"ಬಡ್ಕೊಳ್ಳಲಿ ಬಿಡಿ," ಎಂದ ಭಾವ.

ಒಳಗಿನ ಮರದ ಹಲಗೆಯ ಮೇಲೆ ತೂಕದ ಕಲ್ಲುಗಳು ಸಾಲಾಗಿ ಕೂತಿದ್ದವು: ಒಂದು, ಎರಡು, ಐದು, ಆಮೇಲೆ ಒಂದೇ ಸಲ ಇಪ್ಪತ್ತು. ಐದಕ್ಕೂ ಇಪ್ಪತ್ತಕ್ಕೂ ನಡುವೆ, ಮೂರು ತಿಂಗಳ ಧೂಳಿನಲ್ಲಿ, ಅಂಚು ಮಸುಕಾಗುತ್ತಿದ್ದ ಒಂದು ದುಂಡನೆಯ ಗುರುತು. ತಂಗಿ ಉಸಿರು ಬಿಗಿಹಿಡಿದು ಕಲ್ಲನ್ನು ಎತ್ತಿ, ಸರಿಯಾಗಿ ಅದರ ಮೇಲೆ ಇಟ್ಟಳು.